ಕಲ್ಯಾಣ ಮಂಟಪದಲ್ಲಿ ಮೈದುನನ ಸಾಕ್ಷ್ಯಚಿತ್ರ

ಗುಡ್ಡ ಬಂದು ನನ್ನ ಮನೆಯ ಮೇಲೆ ಕೂತಾಗ ನನಗೆ ಎಪ್ಪತ್ತೊಂದು ವರ್ಷ. ಅದಾಗಿ ಈಗ ಏಳು ವರ್ಷ. ಗುಡ್ಡದ ಮೇಲೆ ನನಗೇನೂ ಸಿಟ್ಟಿಲ್ಲ. ಅದು ಒಂದು ಸಲ ಬಂತು, ಸದ್ದು ಮಾಡಿತು, ಸುಮ್ಮನಾಯಿತು. ನನ್ನ ಮೈದುನ ಹಾಗಲ್ಲ! ಅವನು ಯಾವುದನ್ನೂ ಒಂದು ಸಲಕ್ಕೆ ಬಿಡುವವನಲ್ಲ. ಗುಡ್ಡಕ್ಕೆ ಕಿವಿ ಇದ್ದಿದ್ದರೆ, "ಲೈಟು ಸಾಲಲಿಲ್ಲ, ಇನ್ನೊಂದು ಸಲ ಜರಿಯಪ್ಪಾ" ಎಂದು ಅದಕ್ಕೂ ಹೇಳಿರುತ್ತಿದ್ದ.

ಅವನು ನನ್ನ ಯಜಮಾನರ ಕಡೆಯ ತಮ್ಮ. ಮದುವೆ ವಿಡಿಯೋ ತೆಗೆಯುವುದು ಅವನ ಕಸುಬು. ಸೋಮವಾರಪೇಟೆಯಿಂದ ಗಾಳಿಬೀಡಿನವರೆಗೆ ಅವನ ಲೈಟಿಗೆ ಕಣ್ಣು ಕಿರಿದು ಮಾಡದ ಮದುಮಗಳಿಲ್ಲ. ಇಷ್ಟು ಜನರ ಮದುವೆ ತೆಗೆದವನು ತನ್ನದೊಂದು ಮದುವೆ ಮಾಡಿಕೊಳ್ಳಲಿಲ್ಲ. ಯಾಕೆಂದು ಕೇಳಿದರೆ, "ನನ್ನ ಮದ್ವೆ ವಿಡಿಯೋ ಯಾರು ತೆಗೀತಾರೆ ಅತ್ಗೆ? ಬೇರೆಯೋರ ಕೈಗೆ ಕೊಟ್ರೆ ಹಾಳು ಮಾಡಿಬಿಡ್ತಾರೆ" ಎನ್ನುತ್ತಿದ್ದ. ಹೀಗೂ ಒಂದು ಕಾರಣ ಇರುತ್ತದೆಯೇ! ಯಜಮಾನರು ತೀರಿಕೊಂಡ ಮೇಲೂ ನಮ್ಮ ಮನೆಯ ಹಿಂದಿನ ಕೋಣೆಯಲ್ಲೇ ಉಳಿದ. ನಾನು ಬೇಯಿಸಿದ್ದನ್ನು ತಿಂದು, ನಾನು ಬೈದದ್ದನ್ನು ಕೇಳಿಕೊಂಡು ತಲೆ ನೆರೆಸಿಕೊಂಡವನು. ತಿಂದದ್ದು ಮೈಗೆ ಹತ್ತಿತು, ಬೈದದ್ದು ಎಲ್ಲಿಗೂ ಹತ್ತಲಿಲ್ಲ.

ಆವತ್ತು ಬೆಳಗ್ಗೆ ಗುಡ್ಡದ ಒಳಗೆ ಏನೋ ಗುಡುಗಿದ ಹಾಗಾಯಿತು. ಓಡಿ ಓಡಿ ಎಂದು ಊರೆಲ್ಲ ಕೂಗು. ಒಬ್ಬೊಬ್ಬರು ಕೈಗೆ ಸಿಕ್ಕಿದ್ದು ಹಿಡಿದು ಓಡಿದರು. ನಾನು ಬಿ.ಪಿ. ಮಾತ್ರೆಯನ್ನೂ ಕುಕ್ಕರನ್ನೂ ಹಿಡಿದು ಓಡಿದೆ. ಕುಕ್ಕರ್ ಯಾಕೆ ಎಂದು ಕೇಳಬೇಡಿ, ನನಗೂ ಗೊತ್ತಿಲ್ಲ. ನನ್ನ ಮೈದುನ ಏನು ಹಿಡಿದುಕೊಂಡಿದ್ದ ಅಂತೀರಿ? ಕುತ್ತಿಗೆಗೆ ಕ್ಯಾಮೆರಾ, ಹೆಗಲಿಗೆ ಅದರ ಮೂರು ಕಾಲಿನ ಸ್ಟ್ಯಾಂಡು, ಕಂಕುಳಲ್ಲಿ ಲೈಟು, ಕೈಯಲ್ಲಿ ಒಂದು ಬಿಳಿ ಕೊಡೆ. ಮಳೆಗೆ ಹಿಡಿಯುವ ಕೊಡೆಯಲ್ಲ ಮಾರಾಯ್ರೆ! ಲೈಟಿನ ಮುಂದೆ ಹಿಡಿಯುವ ಕೊಡೆ! ನಿಜವಾದ ಕೊಡೆ ಬಾಗಿಲ ಹಿಂದೆಯೇ ಇತ್ತು. ಅದನ್ನು ಗುಡ್ಡಕ್ಕೆ ಬಿಟ್ಟು, ಒಂದು ಹನಿಯನ್ನೂ ತಡೆಯದ ಆ ಬಿಳಿ ಕೊಡೆ ಬಿಚ್ಚಿಕೊಂಡು ಜಡಿಮಳೆಯಲ್ಲಿ ನನ್ನ ಮುಂದೆ ನಡೆದ.

ನಮ್ಮ ಪಕ್ಕದ ಮನೆ ಗಂಗಮ್ಮನದು. ಅವಳ ವಿಷಯ ಈಗಲೇ ಹೇಳಿಬಿಡುತ್ತೇನೆ. ನನಗಿಂತ ಎರಡು ವರ್ಷಕ್ಕೆ ದೊಡ್ಡವಳು. ಗಂಡ ಸತ್ತು ಬಹಳ ಕಾಲವಾಯಿತು, ಮಕ್ಕಳಿಲ್ಲ. ಕಣ್ಣು ಮಂಜಾಗಿ, ಆಪರೇಷನ್ ಮಾಡಿಸಿದ ಮೇಲೂ ಮಂಜಾಗಿಯೇ ಉಳಿಯಿತು. ಆದರೆ ಅವಳ ಒಲೆಯಿಂದ ನನ್ನ ಒಲೆಗೆ ಬರುವ ದಾರಿ ಅವಳ ಕಾಲಿಗೆ ಗೊತ್ತಿತ್ತು. ದಿನಾ ಬಂದು ಕಾಫಿ ಕುಡಿದು, ಸಕ್ಕರೆ ಕಡಿಮೆಯಾಯಿತು ಎಂದು ಜಗಳ ಆಡಿ ಹೋಗುತ್ತಿದ್ದಳು. ನಾನೂ ಬಿಡುತ್ತಿರಲಿಲ್ಲ.

ಊರ ಕೆಳಗಿನ ಹಳ್ಳ ತುಂಬಿ ಹರಿಯುತ್ತಿತ್ತು. ಮಿಲಿಟರಿ ಹುಡುಗರು ಹಗ್ಗ ಕಟ್ಟಿ, ವಯಸ್ಸಾದವರನ್ನು ಬೆನ್ನ ಮೇಲೆ ಹೊತ್ತು ದಾಟಿಸುತ್ತಿದ್ದರು. ಗಂಗಮ್ಮನನ್ನು ಹೊತ್ತವನು ಕನ್ನಡ ಬಾರದ ಎತ್ತರದ ಹುಡುಗ. ದಡಕ್ಕೆ ತಂದು ಜೋಪಾನವಾಗಿ ಇಳಿಸಿದ. ಅಷ್ಟರಲ್ಲಿ ನನ್ನ ಮೈದುನ ಕ್ಯಾಮೆರಾ ಹಿಡಿದು ಎದುರಿಗೆ ಹಾರಿ, "ಒನ್ಸ್ ಮೋರ್, ಒನ್ಸ್ ಮೋರ್!" ಎಂದು ಕೂಗಿದ. ಆ ಹುಡುಗ ಕಕ್ಕಾಬಿಕ್ಕಿಯಾಗಿ ನನ್ನ ಮುಖ ನೋಡಿದ.

"ಬುದ್ಧಿ ಐತೇನಯ್ಯಾ ನಿಂಗೆ? ಹಿಂದ್ಗಡೆ ಗುಡ್ಡ ಇಳೀತಾ ಐತೆ!" ಎಂದು ನಾನು ಕಿರುಚಿದೆ.

"ಒಂದೇ ನಿಮಿಷ ಅತ್ಗೆ. ಮುಖ ಬರ್ಲಿಲ್ಲ, ಬರೀ ಸೆರಗು ಬಂತು."

ನಾನು ಕುಕ್ಕರ್ ಎತ್ತಿದ್ದೆ, ಅವನ ತಲೆಗೆ ಹಾಕುವುದೊಂದು ಬಾಕಿ. ಆಗ ಗಂಗಮ್ಮ ಏನಂದಳು ಗೊತ್ತೇ? "ಎತ್ತಪ್ಪಾ ಮಗಾ, ಇನ್ನೊಂದ್ಸಲ ಎತ್ತು. ನನ್ನ ಗಂಡ ಬದುಕಿರೋಗಂಟ ಒಂದ್ಸಲಾನೂ ಎತ್ಕೊಂಡೋನಲ್ಲ!" ಅವನಿಗೆ ಏನು ಅರ್ಥವಾಯಿತೋ, ನಗುತ್ತಾ ಅವಳನ್ನು ಮತ್ತೆ ಬೆನ್ನಿಗೆ ಹಾಕಿಕೊಂಡು ದಡದ ಮೇಲೆಯೇ ನಾಲ್ಕು ಹೆಜ್ಜೆ ನಡೆದ. ಗಂಗಮ್ಮ ಹಲ್ಲಿಲ್ಲದ ಬಾಯಿ ಬಿಟ್ಟು ಕ್ಯಾಮೆರಾದ ಕಡೆ ನಕ್ಕಳು. ನಮ್ಮಿಬ್ಬರ ಮನೆಯೂ ಮಣ್ಣಿನಡಿಗೆ ಹೋದದ್ದು ಅದೇ ಹೊತ್ತಿಗೆ.

ನಮ್ಮನ್ನೆಲ್ಲ ತಂದು ಹಾಕಿದ್ದು ಪೇಟೆಯ ಕಲ್ಯಾಣ ಮಂಟಪಕ್ಕೆ. ಗಂಜಿ ಕೇಂದ್ರ ಅಲ್ಲೇ ತೆರೆದಿದ್ದರು. ಮದುಮಕ್ಕಳ ಕೋಣೆಯಲ್ಲಿ ಬಾಣಂತಿಯರು, ಊಟದ ಹಾಲಿನಲ್ಲಿ ಗಂಡಸರು, ವೇದಿಕೆಯ ಕೆಳಗೆ ಚಾಪೆ ಹಾಸಿಕೊಂಡು ನಾವು ಹೆಂಗಸರು. ವೇದಿಕೆಯ ಮೇಲೆ ಮದುಮಕ್ಕಳು ಕೂರುವ ಕೆಂಪು ಕುರ್ಚಿ ಹಾಗೆಯೇ ಇತ್ತು. ಉಳಿದವರಿಗೆ ಅದು ಪರಸ್ಥಳ. ನನ್ನ ಮೈದುನನಿಗೆ ಮಾತ್ರ ಮೂವತ್ತು ವರ್ಷ ದುಡಿದ ಜಾಗ! ಒಳಗೆ ಬಂದವನೇ ಯಾರನ್ನೂ ಕೇಳದೆ ಸ್ವಿಚ್ಚು ಎಲ್ಲಿದೆ ಎಂದು ನೋಡಿಕೊಂಡು ಸ್ಟ್ಯಾಂಡು ನಿಲ್ಲಿಸಿದ.

ಸ್ವಲ್ಪ ದಿನಕ್ಕೆ ಒಂದು ಸುದ್ದಿ ಬಂತು. ನಮಗೆಲ್ಲ ಬೇರೆ ಕಡೆ ಮನೆ ಕಟ್ಟಿಸಿ ಕೊಡುತ್ತಾರಂತೆ, ಆದರೆ ಒಂದೇ ಕಡೆ ಅಲ್ಲವಂತೆ. ಜಾಗ ಸಿಕ್ಕಿದ ಹಾಗೆ ಕೆಲವರು ಇಲ್ಲಿ, ಕೆಲವರು ಅಲ್ಲಿ. ಎಲ್ಲರ ಮುಖವೂ ಸಣ್ಣದಾಯಿತು. ನನ್ನ ಮಗಳು ತಿತಿಮತಿಯಿಂದ ಬಂದು, "ಅವ್ವಾ, ನಮ್ಮನೆಗೆ ಬಾ" ಎಂದಳು. ಗಂಗಮ್ಮನ ಅಣ್ಣನ ಮಗ ಸಂಪಾಜೆಯಿಂದ ಬಂದು, ಊರು ಚದುರುವುದಾದರೆ ಅತ್ತೆಯನ್ನು ತಾನೇ ಕರೆದುಕೊಂಡು ಹೋಗುತ್ತೇನೆಂದ. ಒಳ್ಳೆಯ ಹುಡುಗನೇ. ಆದರೆ ಗಂಗಮ್ಮನಿಗೆ ಅಲ್ಲಿ ಬಾಗಿಲು ಯಾವ ಕಡೆ, ಬಚ್ಚಲು ಯಾವ ಕಡೆ? ಯಾರೊಂದಿಗೆ ಜಗಳ ಆಡುತ್ತಾಳೆ? ನಾನು ಯಾರೊಂದಿಗೆ ಆಡಲಿ? ಊರಿಗೆ ಊರೇ ಒಂದು ಕಡೆ ಇರಬೇಕು, ನನಗೂ ಗಂಗಮ್ಮನಿಗೂ ನಡುವೆ ಒಂದು ಗೋಡೆ ಇರಬೇಕು. ನಮಗೆ ಬೇಕಾಗಿದ್ದು ಅಷ್ಟೇ.

ಅದೇ ವಾರ ಬೆಂಗಳೂರಿನಿಂದ ಒಬ್ಬ ಹುಡುಗಿ ಸಣ್ಣದೊಂದು ಕ್ಯಾಮೆರಾ ಹಿಡಿದು ಬಂದಿದ್ದಳು. ಒಂದು ಮೂಲೆಯಲ್ಲಿ ಕೂತು, ಯಾರನ್ನೂ ಮಾತಾಡಿಸದೆ ಇಡೀ ದಿನ ತೆಗೆದಳು. ನನ್ನ ಮೈದುನ ಅವಳ ಬ್ಯಾಗು ಹೊತ್ತುಕೊಂಡು ಹಿಂದೆ ಹಿಂದೆ ಸುತ್ತಿದ. ಇದಕ್ಕೆ ಸಾಕ್ಷ್ಯಚಿತ್ರ ಅನ್ನುತ್ತಾರೆಂದು ಅವಳು ಹೇಳಿದ್ದೇ ತಡ, "ಮದ್ವೆ ವಿಡಿಯೋಗೂ ಇದಕ್ಕೂ ಏನಮ್ಮಾ ವ್ಯತ್ಯಾಸ?" ಎಂದು ಕೇಳಿದ.

"ಇದ್ರಲ್ಲಿ ಯಾರಿಗೂ ಏನೂ ಹೇಳ್ಬಾರ್ದು ಅಂಕಲ್. ಅವರ ಪಾಡಿಗೆ ಅವರನ್ನ ಬಿಟ್ಟುಬಿಡ್ಬೇಕು."

"ಏನೂ ಹೇಳ್ಬಾರ್ದಾ? 'ಈಕಡೆ ನೋಡಿ' ಅಂತಾನೂ?" ಎಂದವನ ಮುಖ ನೋಡಬೇಕಿತ್ತು. ಮೀನಿಗೆ ಈಜಬೇಡ ಎಂದ ಹಾಗೆ!

ಹುಡುಗಿ ಹೋದಳು, ಹುಚ್ಚು ಇವನಲ್ಲಿ ಉಳಿಯಿತು. "ಅತ್ಗೆ, ಮನೆ ಕೊಡೋ ಸಾಹೇಬ್ರು ನಮ್ಮನ್ನ ನೋಡೋಕೆ ಬರ್ತಾರಂತೆ. ನಾನೊಂದು ಸಾಕ್ಷ್ಯಚಿತ್ರ ಮಾಡಿ ತೋರಿಸ್ತೀನಿ. ನಮ್ಮೂರೋರ ಕಷ್ಟ ನೋಡಿ ಅವರ ಕಣ್ಣಲ್ಲಿ ನೀರು ಬರ್ಬೇಕು. 'ಇವರನ್ನ ಅಗಲಿಸ್ಬೇಡಿ' ಅಂತ ಅವರೇ ಹೇಳ್ಬೇಕು."

"ನೀನು ತೆಗ್ದಿದ್ದಕ್ಕೆ ನನ್ನ ಕಣ್ಣಲ್ಲಿ ನೀರು ಬಂದಿರೋದು ಒಂದೇ ಸಲ ಕಣಯ್ಯಾ, ಆ ಲೈಟು ಕಣ್ಣಿಗೆ ಬಿಟ್ಟಾಗ" ಎಂದೆ.

ಆದರೂ ಒಳಗೊಳಗೇ ಆಸೆಯಾಯಿತು. ಉಳಿದವರಿಗೂ ಆಯಿತು. ಸಾಹೇಬರ ಮುಂದೆ ನಿಂತು ಮಾತಾಡಲು ನಮಗೆ ಬರುವುದಿಲ್ಲ. ಸಿನಿಮಾ ನಮ್ಮ ಪರವಾಗಿ ಮಾತಾಡಿದರೆ ಬೇಡ ಅನ್ನುವವರು ಯಾರು?

ಮಾರನೆಯ ದಿನ ಶುರು ಮಾಡಿದ. ಹೆಂಗಸರು ಗುಂಪಾಗಿ ಕೂತು ಅವರವರ ದನ, ಅವರವರ ಪಾತ್ರೆ ನೆನೆಸಿಕೊಂಡು ಅಳುತ್ತಿದ್ದರು. ಸಾಕ್ಷ್ಯಚಿತ್ರದವನಿಗೆ ಇನ್ನೇನು ಬೇಕು? ಇವನು ಲೈಟು ಹಾಕಿದ. ಅಷ್ಟೇ! ಹೆಂಗಸರೆಲ್ಲ ಟಕ್ಕನೆ ಅಳು ನಿಲ್ಲಿಸಿ, ಕಣ್ಣೊರೆಸಿ, ಸೆರಗು ಸರಿಮಾಡಿ, ಕೂದಲು ಒತ್ತಿಕೊಂಡು ಎದ್ದು ನಿಂತರು. ದೊಡ್ಡವರು ಮುಂದೆ, ಸೊಸೆಯಂದಿರು ಹಿಂದೆ, ಮಕ್ಕಳು ಸೆರಗು ಹಿಡಿದು. ಸಾಲಾಗಿ ಹೊರಟು ವೇದಿಕೆಯ ಮೆಟ್ಟಿಲು ಹತ್ತಿ, ಖಾಲಿ ಕೆಂಪು ಕುರ್ಚಿಯ ಪಕ್ಕ ನಿಂತು, ಲೈಟಿನ ಕಡೆ ನೋಡಿ ನಕ್ಕು, ಇನ್ನೊಂದು ಕಡೆಯಿಂದ ಇಳಿದರು! ಅವರದೇನು ತಪ್ಪು? ಮೂವತ್ತು ವರ್ಷದಿಂದ ಇವನ ಲೈಟು ಬಿದ್ದರೆ ನಮ್ಮ ಕಡೆಯವರಿಗೆ ಇರುವ ಕೆಲಸ ಅದೊಂದೇ. ಮನಸ್ಸಿಗಿಂತ ಮೊದಲು ಕಾಲು ಹೊರಡುತ್ತದೆ. ನನ್ನ ಕಾಲೂ ಹೊರಟಿತ್ತು, ನಾನೇ ಹಿಡಿದು ಕೂರಿಸಿದೆ.

"ಹತ್ಬೇಡ್ರಮ್ಮಾ, ಅಳಿ, ಸಹಜವಾಗಿ ಅಳಿ!" ಎಂದು ಇವನು ಬೇಡಿಕೊಂಡ. ಆದರೆ ಅವರು ನಿಂತು ಇವನ ಕಡೆ ನೋಡಿದ ಕೂಡಲೇ ಇವನ ಬಾಯಿಂದಲೂ ಅದೇ ಹಳೇ ಮಾತು ಬಂದುಬಿಟ್ಟಿತು: "ಹಾಂ, ಹಂಗೇ ಇರಿ, ಸ್ವಲ್ಪ ನಗಿ!"

ಮಲ್ಲಪ್ಪಣ್ಣ ನಮ್ಮೂರ ಹಿರಿಯರು. ಎರಡು ಎತ್ತು, ಒಂದು ಗದ್ದೆ, ಇದ್ದ ಕಾಫಿ ಗಿಡ, ಎಲ್ಲ ಕಳೆದುಕೊಂಡವರು. ಅವರನ್ನು ಕುರ್ಚಿಯಲ್ಲಿ ಕೂರಿಸಿ, ಮೈಕು ಹಿಡಿದು, "ನಿಮಗಾದ ಕಷ್ಟಾನ ನಿಮ್ಮ ಮಾತಲ್ಲೇ ಹೇಳಿ ಅಣ್ಣಾ" ಎಂದ. ಮಲ್ಲಪ್ಪಣ್ಣ ಗಂಟಲು ಸರಿಮಾಡಿಕೊಂಡರು. ಎರಡು ಕೈ ಜೋಡಿಸಿದರು. "ಊಟ ಉಪಚಾರ ಎಲ್ಲಾ ಬಾಳ ಚೆನ್ನಾಗಿತ್ತು. ಹುಡುಗ ಹುಡುಗಿ ನೂರು ಕಾಲ ಸುಖವಾಗಿರ್ಲಿ" ಎಂದರು. ಹೇಳಿದ ಮೇಲೆ ಅವರಿಗೇ ಗಾಬರಿಯಾಗಿ ಸುತ್ತ ನೋಡಿದರು. ನಾನು ಸೆರಗು ಬಾಯಿಗೆ ತುರುಕಿಕೊಂಡೆ.

ಊಟದ ಹೊತ್ತಿಗೂ ಬಿಡಲಿಲ್ಲ. ಮದುವೆ ಮನೆಯಲ್ಲಿ ಇವನ ಪದ್ಧತಿ ನಿಮಗೂ ಗೊತ್ತಿರಬೇಕು. ಬಾಯಿ ತುಂಬ ಅನ್ನ ಇದ್ದಾಗಲೇ ಸರಿಯಾಗಿ ಮುಖದ ಮುಂದೆ ಬರುತ್ತಾನೆ. ಅಲ್ಲಿ ಅಡಿಗೆಗೆ ನಿಂತಿದ್ದವಳು ಬೀಪಾತು, ಎಸ್ಟೇಟಿನ ಕೂಲಿಯವರ ಲೈನ್ ಮನೆ ಕೊಚ್ಚಿಹೋಗಿ ನಮ್ಮ ಜೊತೆಯೇ ಬಂದವಳು. ಸೌಟು ಎತ್ತಿ ಹಿಡಿದು, "ಎಂತದು ಮಾರಾಯ್ರೆ ನಿಮ್ದು? ಅನ್ನ ಹೊಟ್ಟೆಗೆ ಇಳಿಯುದಕ್ಕೂ ಬಿಡುದಿಲ್ಲ! ಈ ಲೈಟನ್ನ ನಾನು ಸಾಂಬಾರಿಗೆ ಹಾಕ್ತೇನೆ ನೋಡಿ!" ಎಂದು ಗದರಿದಳು. ಇವನು ಎರಡು ಹೆಜ್ಜೆ ಹಿಂದೆ ಹೋದ. ಅವಳು ತಲೆಯ ಮೇಲಿನ ಬಟ್ಟೆ ಸರಿಮಾಡಿಕೊಂಡು, "ತೆಗಿಯುದಾದ್ರೆ ಆ ಕಡೆಯಿಂದ ತೆಗಿರಿ. ಈ ಕಡೆ ಮಸಿ ಉಂಟು" ಎಂದಳು.

ಕೊನೆಗೆ ನನ್ನ ಸರದಿ. "ಅತ್ಗೆ, ನಿಮ್ಮ ಮನೆ ಹೋಯ್ತು. ಏನನ್ನಿಸ್ತದೆ?"

"ನಂದು ಅಂತೀಯಲ್ಲ, ನೀನು ಯಾರ ಮನೇಲಿದ್ದೆ? ನಿಂಗೇನನ್ನಿಸ್ತದೆ ಹೇಳು, ಕೇಳೋಣ!"

ಅವನು "ಬ್ಯಾಟರಿ ಮುಗೀತು" ಎಂದು ಹೊರಟುಹೋದ. ಸುಳ್ಳು! ಕ್ಯಾಮೆರಾದ ಕೆಂಪು ದೀಪ ಉರಿಯುತ್ತಲೇ ಇತ್ತು.

ಸಾಹೇಬರು ಬರುವ ದಿನ ಬಂತು. ಹಿಂದಿನ ಎರಡು ದಿನ ಇವನು ಪೇಟೆಯ ಗೆಳೆಯನ ಅಂಗಡಿಯಲ್ಲಿ ಕಂಪ್ಯೂಟರ್ ಮುಂದೆ ಕೂತಿದ್ದ. ಮಧ್ಯಾಹ್ನ ಊಟದ ಹಾಲಿನ ಕಿಟಕಿಗೆಲ್ಲ ಜಮಖಾನ ಕಟ್ಟಿ ಕತ್ತಲೆ ಮಾಡಿ, ಗೋಡೆಗೊಂದು ಬಿಳಿ ಪಂಚೆ ಬಿಗಿದ. ಸಾಹೇಬರು ವಯಸ್ಸಿನಲ್ಲಿ ಚಿಕ್ಕವರು, ಮೆತ್ತನೆ ಮಾತಿನವರು. ಮುಂದಿನ ಸಾಲಿನಲ್ಲಿ ಕೂತರು. ಹಿಂದೆ ನಾವು. ಗಂಗಮ್ಮ ನನ್ನ ಕೈ ಹಿಡಿದುಕೊಂಡಿದ್ದಳು. "ಏನ್ ಬತ್ತದೆ ಅಂತ ಹೇಳ್ತಾ ಇರೇ" ಎಂದಳು.

ಏನು ಬಂತು ಅಂತ ಹೇಗೆ ಹೇಳಲಿ! ಮೊದಲು ನಾದಸ್ವರ ಬಂತು. ಆಮೇಲೆ ಗುಲಾಬಿ ಹೂವು ಸುರಿಯತೊಡಗಿತು. ಅದರ ನಡುವೆ ಬಂಗಾರದ ಅಕ್ಷರ ಗಿರಗಿರ ತಿರುಗುತ್ತಾ ಬಂದು "ಸಂಕಟದಲ್ಲಿ ನಮ್ಮೂರು" ಎಂದು ನಿಂತಿತು. ಆ ಕಂಪ್ಯೂಟರಿನಲ್ಲಿ ಇದ್ದದ್ದೆಲ್ಲ ಮದುವೆಯ ಸಾಮಾನೇ ಅಂತೆ! ಆಮೇಲೆ ಒಂದು ದೊಡ್ಡ ಹೃದಯದ ಚಿತ್ರ ಬಂದು ಬಿಚ್ಚಿಕೊಂಡಿತು. ಅದರೊಳಗೆ ಮಿಲಿಟರಿ ಹುಡುಗನ ಬೆನ್ನ ಮೇಲೆ ಬೊಚ್ಚು ಬಾಯಿ ಬಿಟ್ಟು ನಗುತ್ತಿರುವ ಗಂಗಮ್ಮ!

"ಯಾರದು?" ಎಂದಳು ಗಂಗಮ್ಮ.

"ನೀನೇ. ಹೊಸ ಗಂಡನ ಜೊತೆ" ಎಂದೆ.

ನಮ್ಮ ಸಾಲು ಗೊಳ್ಳೆಂದಿತು. ಅಲ್ಲಿಂದ ಮುಂದೆ ತಡೆಯುವವರೇ ಇಲ್ಲ. ಹೆಂಗಸರು ವೇದಿಕೆ ಹತ್ತಿ ಇಳಿದದ್ದು, ಮಲ್ಲಪ್ಪಣ್ಣನ ಆಶೀರ್ವಾದ, ಬೀಪಾತುವಿನ ಮಸಿ ಇಲ್ಲದ ಕೆನ್ನೆ. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಮಳೆ ಶುರುವಾದ ಮೇಲೆ ನಮ್ಮೂರು ನಕ್ಕಿದ್ದು ಆಗಲೇ ಇರಬೇಕು. ನಾನೂ ನಕ್ಕೆ, ಏನು ಮಾಡಲಿ! ನಗುತ್ತಾ ಸಾಹೇಬರ ಬೆನ್ನು ನೋಡಿದೆ, ಇವರು ಅಳಬೇಕಾದವರು ಎಂಬುದು ಆಗ ನೆನಪಾಯಿತು.

ದೀಪ ಹಾಕಿದರು. ಸಾಹೇಬರೂ ನಗುತ್ತಿದ್ದರು, ಆದರೆ ಎದ್ದು ನಿಂತ ಮೇಲೆ ನಗಲಿಲ್ಲ. "ತುಂಬ ಚೆನ್ನಾಗಿದೆ. ಆದ್ರೆ ಇದನ್ನ ಮೇಲಿನವರಿಗೆ ಹೇಗೆ ತೋರಿಸ್ಲಿ ಹೇಳಿ? ಇವ್ರೆಲ್ಲ ಇಷ್ಟು ಖುಷಿಯಾಗಿದ್ದಾರಲ್ಲ, ಎಲ್ಲಿ ಕಳಿಸಿದ್ರೂ ಹೀಗೇ ಇರ್ತಾರೆ ಅಂತಾರೆ. ಸೋಮವಾರ ಮೀಟಿಂಗ್ ಇದೆ. ಅಷ್ಟರೊಳಗೆ ಬೇರೇನಾದ್ರೂ ಇದ್ರೆ ಕೊಡಿ" ಎಂದು ಹೇಳಿ ಜೀಪು ಹತ್ತಿದರು. ನಗು ನಿಂತುಹೋಯಿತು. ಗಂಗಮ್ಮ ನನ್ನ ಕೈ ಬಿಟ್ಟಳು.

ಸಂಜೆ ಅವನನ್ನು ಹುಡುಕಿಕೊಂಡು ಹೋದೆ. ಮಂಟಪದ ಹಿಂದೆ, ಪಾತ್ರೆ ತೊಳೆಯುವ ನಲ್ಲಿಯ ಹತ್ತಿರ ಕೂತಿದ್ದ. ಬಾಯಿಗೆ ಬಂದದ್ದನ್ನೆಲ್ಲ ಬೈದೆ. "ಊರನ್ನ ಒಡೆದಿದ್ದು ಗುಡ್ಡ ಅಲ್ಲ ಕಣಯ್ಯಾ, ನೀನು! ಸಾಯೋ ಕಾಲಕ್ಕೆ ಅವಳನ್ನ ಸಂಪಾಜೆಗೆ ಓಡ್ಸಿದೆ, ನನ್ನ ತಿತಿಮತಿಗೆ ಓಡ್ಸಿದೆ. ನಿನ್ನ ಗುಲಾಬಿ ಹೂವು ತಗೊಂಡೋಗಿ ಒಲೆಗಾಕು!"

ಅವನು ಕ್ಯಾಮೆರಾ ಬಿಚ್ಚಿ, ಅದರ ಪಕ್ಕದ ಪುಟ್ಟ ಪರದೆಯನ್ನು ನನ್ನ ಕಡೆ ತಿರುಗಿಸಿದ.

ಮಲ್ಲಪ್ಪಣ್ಣ ಗೋಡೆಯ ಕಡೆ ಮುಖ ಮಾಡಿಕೊಂಡು ನಿಂತಿದ್ದರು. ಬೆನ್ನು ಮಾತ್ರ ಕಾಣುತ್ತಿತ್ತು, ಆ ಬೆನ್ನು ಕುಲುಕುತ್ತಿತ್ತು. ಬೀಪಾತು ಅಡಿಗೆಮನೆಯಲ್ಲಿ ಈರುಳ್ಳಿ ಮುಂದಿಟ್ಟುಕೊಂಡು ಕೂತಿದ್ದಳು, ಈರುಳ್ಳಿಯನ್ನು ಇನ್ನೂ ಹೆಚ್ಚಿರಲಿಲ್ಲ, ಕಣ್ಣೀರು ಇಳಿಯುತ್ತಿತ್ತು. ಗಂಗಮ್ಮ ಒಬ್ಬಳೇ ಮಂಟಪದ ಕಂಬ ಕಂಬ ಮುಟ್ಟಿಕೊಂಡು ನಡೆಯುತ್ತಿದ್ದಳು, ಬಾಗಿಲು ಸಿಗದೆ ಮತ್ತೆ ಅದೇ ಕಂಬಕ್ಕೆ ಬರುತ್ತಿದ್ದಳು. ಆಮೇಲೆ ಒಗೆಯುವ ಕಲ್ಲಿನ ಮರೆಯಲ್ಲಿ ಒಬ್ಬ ಮುದುಕಿ ಕೂತಿದ್ದಳು. ಯಾರೂ ಕಾಣುವುದಿಲ್ಲ ಎಂದುಕೊಂಡು ಬಾಯಿ ಬಿಟ್ಟು ಅಳುತ್ತಿದ್ದಳು. ಯಾರಪ್ಪಾ ಇದು ಎಂದು ನೋಡಿದರೆ ನಾನು.

"ಲೈಟು ಹಾಕದೇ ತೆಗ್ದೆ ಅತ್ಗೆ. ಯಾರಿಗೂ ಏನೂ ಹೇಳ್ಲಿಲ್ಲ."

"ಮತ್ತೆ ಇದನ್ನ ಯಾಕಯ್ಯಾ ಹಾಕ್ಲಿಲ್ಲ? ಅವರು ಕೇಳಿದ್ದು ಇದನ್ನೇ ಅಲ್ವಾ!"

"ಹೆಣ್ಣು ಒಪ್ಪಿಸೋ ಶಾಸ್ತ್ರದಲ್ಲಿ ತಾಯಿ ಅಳೋದನ್ನ ಎಲ್ಲಾ ಮದ್ವೇಲೂ ತೆಗೀತೀನಿ. ಆದ್ರೆ ಮನೆಯೋರು 'ಹಾಕು' ಅನ್ನೋ ತನಕ ಹಾಕಲ್ಲ. ಕೆಲವರು ಬೇಡ ಅಂತಾರೆ. ಅದು ಅವರ ಅಳು, ನಂದಲ್ಲ."

"ಹಂಗಾದ್ರೆ ಕೇಳ್ಬೇಕಿತ್ತು."

"ಏನಂತ ಕೇಳ್ಲಿ? 'ನೀವು ಅತ್ತಿದ್ದನ್ನ ತೋರಿಸಿ ಮನೆ ಕೇಳ್ತೀನಿ' ಅಂತಾನಾ? ಮಲ್ಲಪ್ಪಣ್ಣನ ಮುಂದೆ ಎರಡು ಸಲ ಹೋಗಿ ನಿಂತೆ. ಬಾಯೇ ಬರ್ಲಿಲ್ಲ ಅತ್ಗೆ."

ಸತ್ತವರ ಮನೆಯಲ್ಲೂ "ಸ್ವಲ್ಪ ಈಕಡೆ ತಿರುಗಿ" ಎನ್ನುವ ಮನುಷ್ಯ! ಮಿಲಿಟರಿಗೇ ಒನ್ಸ್ ಮೋರ್ ಹೇಳಿದವನು! ಅವನಿಗೆ ಬಾಯಿ ಬರಲಿಲ್ಲವಂತೆ. ಅವನ ಅಂಗಿಯ ಕಾಲರಿನಲ್ಲಿ ಆವತ್ತಿನ ಕೆಸರು ಇನ್ನೂ ಒಣಗಿ ಅಂಟಿಕೊಂಡಿತ್ತು. ಅದನ್ನು ಉಗುರಿನಿಂದ ಕೆರೆದು ತೆಗೆದು, "ಎದ್ದು ಊಟ ಮಾಡು, ಬೀಪಾತು ಕಾಯ್ತಾ ಅವ್ಳೆ" ಎಂದು ಒಳಗೆ ಬಂದೆ.

ನಮಗೆ ಮನೆ ಸಿಕ್ಕಿತು. ಎಲ್ಲರಿಗೂ ಒಂದೇ ಕಡೆ. ಮೇಲಿನವರು ಏನನ್ನು ನೋಡಿ ಮನಸ್ಸು ಮಾಡಿದರೋ, ಬೇರೆ ಕಡೆ ಜಾಗವೇ ಸಿಗಲಿಲ್ಲವೋ, ನನಗೆ ಗೊತ್ತಿಲ್ಲ. ಗೃಹಪ್ರವೇಶದ ದಿನ ನನ್ನ ಮೈದುನ ನನ್ನಿಂದ ಹೊಸಿಲನ್ನು ಮೂರು ಸಲ ದಾಟಿಸಿ ಮೊಣಕಾಲು ಹಿಡಿಸಿದ. ಆದರೆ ಅದೆಲ್ಲ ಎಷ್ಟೋ ತಿಂಗಳ ಮೇಲಿನ ಮಾತು.

ಆ ಸಂಜೆ ಕಳೆದು ಮರುದಿನ ಬೆಳಗ್ಗೆ, ಮುಖಕ್ಕೆ ನೀರು ಹಾಕಿಕೊಂಡವಳೇ ಮೊದಲು ಗಂಗಮ್ಮನ ಚಾಪೆಯ ಹತ್ತಿರ ಹೋಗಿ ಕುಕ್ಕರುಗಾಲಲ್ಲಿ ಕೂತೆ. "ನೀನು ದುಃಖಪಟ್ಟಿದ್ದನ್ನ ಇವನು ತೆಗ್ದಿಟ್ಟವ್ನೆ. ಸಾಹೇಬ್ರಿಗೆ ತೋರಿಸ್ಬೇಕು ಅಂತ. ಹಾಕ್ಬೋದಾ?" ಎಂದು ಕೇಳಿದೆ.

ಅವಳು ನನ್ನ ದನಿ ಬಂದ ಕಡೆ ಮುಖ ತಿರುಗಿಸಿದಳು. "ನಿಂದೂ ಐತಾ ಅದ್ರಲ್ಲಿ?"

"ಐತೆ."

"ನೀನೂ ಅತ್ತಿದ್ಯಾ!" ಎಂದು ಚಾಪೆಯಲ್ಲಿ ಪಕ್ಕಕ್ಕೆ ಸರಿದಳು. "ಹಾಕ್ಲಿ ಬಿಡು. ಬಾ, ಇಲ್ಲಿ ಕೂತ್ಕೊ."

"ಆಮೇಲೆ ಕೂರ್ತೀನಿ. ಇನ್ನೂ ಬಾಳ ಜನ ಅವ್ರೆ" ಎಂದು ಮೊಣಕಾಲು ಒತ್ತಿಕೊಂಡು ಎದ್ದು, ಮಲ್ಲಪ್ಪಣ್ಣನನ್ನು ಕೇಳಲು ಗಂಡಸರ ಹಾಲಿಗೆ ಹೋದೆ.